ವ್ಯಾಲೊರಂಟ್ ಕಸ್ಟಮ್ ಮ್ಯಾಚ್: ಹತ್ತು ಜನ, ಮೂರು ಮ್ಯಾಪ್, ರೂಮ್ ಸೆಟ್ಟಿಂಗ್ ಹೇಗಿಡಬೇಕು?

ಬೈಂಡ್ ಬಸವ

ಭಾನುವಾರ ಸಂಜೆ ವ್ಯಾಲೊರಂಟ್‌ನಲ್ಲಿ (ಆನ್‌ಲೈನ್ ಶೂಟಿಂಗ್ ಗೇಮ್) ಐದೈದು ಜನರ ಎರಡು ಟೀಮಿಗೆ ಬೆಸ್ಟ್ ಆಫ್ ತ್ರೀ, ಅಂದ್ರೆ ಮೂರು ಮ್ಯಾಪಲ್ಲಿ ಎರಡು ಗೆದ್ದವರು ಗೆದ್ದ ಹಾಗೆ, ಆಡಿಸಬೇಕು. ಬಹುಮಾನ ಅಂತೇನಿಲ್ಲ, ಸೋತ ಟೀಮು ಎಲ್ಲರಿಗೂ ಮಸಾಲೆ ದೋಸೆ ಕೊಡಿಸೋದು. ಆದ್ರೆ ದುಡ್ಡಿನ ಜಗಳಕ್ಕಿಂತ ದೋಸೆ ಜಗಳ ದೊಡ್ಡದು, ಹಾಗಾಗಿ ನಿಯಮ, ಸೆಟ್ಟಿಂಗ್ ಎರಡೂ ಮೊದಲೇ ಗಟ್ಟಿಯಾಗಿರಲಿ ಅಂತ ಕೇಳ್ತಿದ್ದೀನಿ.

ಒಂದು ಟೀಮಿನ ಐದೂ ಜನ ಒಂದೇ ಗೇಮಿಂಗ್ ಕೆಫೆಯಲ್ಲಿ ಕೂತಿರ್ತಾರೆ, ಇನ್ನೊಂದು ಟೀಮು ಅವರವರ ಮನೆಯಿಂದ. ಒಬ್ಬ ಆಡಲ್ಲ, ನೋಡ್ಕೊಂಡು ಕಾಮೆಂಟರಿ ಹೇಳ್ತಾನೆ. ದುಬೈನಲ್ಲಿರೋ ಒಬ್ಬನೂ ಸೇರ್ಕೋಬೇಕು ಅಂತಿದ್ದಾನೆ.

ನನಗೆ ಗೊತ್ತಾಗದೇ ಇರೋದು ಇಷ್ಟು. ಪಾರ್ಟಿಗೆ ಐದು ಜನ ಆದ ಮೇಲೆ ಆರನೆಯವನಿಗೆ ಇನ್ವೈಟ್ ಹೋಗಲ್ಲ, ಯಾಕೆ? ಅಲ್ಲಿರೋ ಸ್ವಿಚ್‌ಗಳಲ್ಲಿ ಯಾವುದು ಆನ್, ಯಾವುದು ಆಫ್? 13 ರೌಂಡ್ ಮೊದಲು ಗೆದ್ದವರಿಗೆ ಮ್ಯಾಪು, ಸರಿ, ಆದ್ರೆ 12-12 ಆದಾಗ ಒಂದೇ ರೌಂಡಿಗೆ ಮ್ಯಾಚ್ ಮುಗಿದುಹೋಗುತ್ತೆ ಅಂತಾರೆ, ಅದನ್ನ ತಪ್ಪಿಸೋದು ಹೇಗೆ? ಮಧ್ಯದಲ್ಲಿ ಒಬ್ಬನ ನೆಟ್ ಹೋದ್ರೆ ಬದಲಿ ಆಟಗಾರನನ್ನ ಇಳಿಸಬಹುದಾ? ಕೆಫೆಯವರು ಪೋರ್ಟ್ ಓಪನ್ ಮಾಡ್ಬೇಕಾ? ಕೊನೇದು, ಅಲೌ ಚೀಟ್ಸ್ ಅಂತ ಒಂದು ಸ್ವಿಚ್ ಇದೆಯಲ್ಲ, ಅದನ್ನ ಮುಟ್ಟಿದ್ರೆ ಅಕೌಂಟ್ ಬ್ಯಾನ್ ಆಗುತ್ತಾ?

ಸ್ಮೋಕ್ ಸ್ವಾಮಿ

ರೂಮ್ ಕಟ್ಟೋದು ಎರಡು ನಿಮಿಷದ ಕೆಲಸ. ಕೆಡೋದು ಸ್ಟಾರ್ಟ್ ಒತ್ತಿದ ಮೇಲೆ. ಆಮೇಲೆ ಮ್ಯಾಪು, ಸರ್ವರು, ಸ್ವಿಚ್‌ಗಳು ಯಾವುದನ್ನೂ ಬದಲಿಸೋಕಾಗಲ್ಲ, ಹೊರಗಿರೋರನ್ನ ಒಳಗೆ ತರೋಕೂ ಆಗಲ್ಲ. ಹಾಗಾಗಿ ಸ್ಟಾರ್ಟ್ ಬಟನ್ ಹತ್ತಿರ ಕೈ ಹೋಗೋ ಮುಂಚೆ ಎಲ್ಲಾ ಮುಗಿಸ್ಕೊಳ್ಳಿ.

ಆರನೆಯವನ ಸಮಸ್ಯೆ ಮೊದಲು. ಮಾಮೂಲಿ ಪಾರ್ಟಿಗೆ ಐದೇ ಜನ. ಆ ಪಾರ್ಟಿಯಲ್ಲೇ ಕೂತು ಇನ್ವೈಟ್ ಕಳಿಸ್ತಾ ಇದ್ರೆ ಅದು ತುಂಬಿದೆ ಅಂತಾನೇ ಹೇಳುತ್ತೆ. ನೀವು ಒಬ್ಬರೇ ಇದ್ದಾಗ ಪ್ಲೇ ಒತ್ತಿ, ಮೇಲಿನ ಸಾಲಿನಲ್ಲಿ ಕಸ್ಟಮ್ ಗೇಮ್‌ಗೆ ಹೋಗಿ ರೂಮ್ ತೆರೀರಿ. ಪಾರ್ಟಿ ಕಸ್ಟಮ್ ರೂಮ್ ಆಗಿ ಬದಲಾದ ಮೇಲೆ ಹತ್ತು ಆಟಗಾರರು, ಅದರ ಜೊತೆ ಅಬ್ಸರ್ವರ್‌ಗಳಿಗೂ ಜಾಗ ಇರುತ್ತೆ. ಆಮೇಲೆ ಜನರನ್ನ ಕರೀರಿ. ಎಲ್ಲರನ್ನೂ ಫ್ರೆಂಡ್ ಲಿಸ್ಟಿಗೆ ಸೇರಿಸ್ತಾ ಕೂರಬೇಡಿ, ಪಾರ್ಟಿ ಕೋಡ್ ಜನರೇಟ್ ಮಾಡಿ ವಾಟ್ಸಾಪ್ ಗ್ರೂಪಿಗೆ ಹಾಕಿ. ಎಲ್ಲರೂ ಬಂದ ಮೇಲೆ ಪಾರ್ಟಿಯನ್ನ ಕ್ಲೋಸ್ಡ್ ಮಾಡಿ. ಕಾಮೆಂಟರಿ ಹೇಳೋನು ಲೈವ್ ಬಿಡೋದಾದ್ರೆ ಕೋಡ್ ತೆರೆ ಮೇಲೆ ಕಾಣದ ಹಾಗೆ ನೋಡ್ಕೊಳ್ಳಿ.

ರೂಮಲ್ಲಿ ಅಟ್ಯಾಕರ್ಸ್, ಡಿಫೆಂಡರ್ಸ್, ಅಬ್ಸರ್ವರ್ಸ್ ಅಂತ ಬೇರೆ ಬೇರೆ ಜಾಗ. ಯಾರು ಎಲ್ಲಿ ಕೂತಿದ್ದಾರೋ ಅದೇ ಮೊದಲ ಹಾಫಿನ ಸೈಡು. ಟಾಸ್ ಆಗೋ ತನಕ ಸ್ಟಾರ್ಟ್ ಬೇಡ. ಆಟ ಎರಡೂ ಕಡೆ ಐದು ಜನ ಇದ್ದಾರಾ ಅಂತ ಕಾಯಲ್ಲ, ಐದಕ್ಕೆ ನಾಲ್ಕಿದ್ರೂ ಶುರುವಾಗುತ್ತೆ. ಎಣಿಸೋದು ನಿಮ್ಮ ಕೆಲಸ.

ಮೋಡ್ ಸ್ಟ್ಯಾಂಡರ್ಡ್. ಸರ್ವರ್ ಮುಂಬೈ. ಇದನ್ನ ಕೈಯಾರೆ ಆರಿಸಿ, ಹಿಂದಿನ ಸಲದ್ದು ಏನೋ ನಿಂತಿರುತ್ತೆ. ಸ್ಪರ್ಧೆಯ ರೊಟೇಶನ್‌ನಿಂದ ಹೊರಗಿರೋ ಮ್ಯಾಪ್‌ಗಳೂ ಕಸ್ಟಮ್‌ನಲ್ಲಿ ಸಿಗುತ್ತವೆ, ಅದು ಇದರ ಸುಖ.

ಇನ್ನು ಸ್ವಿಚ್‌ಗಳು. ಓವರ್‌ಟೈಮ್: ವಿನ್ ಬೈ ಟೂ ಆನ್ ಇರಲಿ. ನೀವು ಕೇಳಿದ 12-12 ಪ್ರಶ್ನೆಗೆ ಉತ್ತರ ಇದೇ. ಇದು ಆಫ್ ಇದ್ರೆ 25ನೇ ರೌಂಡ್ ಒಂದೇ, ಗೆದ್ದವರಿಗೆ ಮ್ಯಾಚು. ಆನ್ ಇದ್ರೆ ಎಲ್ಲರಿಗೂ 5000 ಕ್ರೆಡಿಟ್ ಕೊಟ್ಟು, ಸೈಡ್ ಬದಲಿಸಿ ಬದಲಿಸಿ, ಎರಡು ರೌಂಡ್ ಮುಂದೆ ಹೋಗೋ ತನಕ ಆಡಿಸುತ್ತೆ. ಕೆಲವು ಮ್ಯಾಪಲ್ಲಿ ಡಿಫೆಂಡರ್‌ಗೆ ಅನುಕೂಲ ಜಾಸ್ತಿ, ಅಲ್ಲಿ ಒಂದೇ ರೌಂಡಿನ ತೀರ್ಪು ಅಂದ್ರೆ ಟಾಸ್ ಹಾಕಿದ ಹಾಗೇನೇ.

ಟೂರ್ನಮೆಂಟ್ ಮೋಡ್ ಆನ್. ಇದ್ದರೆ ಟೈಮ್‌ಔಟ್, ಪಾಸ್ (ಆಟ ತಡೆದು ನಿಲ್ಲಿಸೋದು) ಎರಡೂ ಆಟದೊಳಗಿನ ಮೆನುವಿನಲ್ಲಿ ಸಿಗುತ್ತವೆ. ಇದಿಲ್ಲದೆ ನಡುವೆ ಒಬ್ಬನ ನೆಟ್ ಹೋಯ್ತು ಅಂದ್ರೆ ನಿಲ್ಲಿಸೋ ದಾರಿನೇ ಇಲ್ಲ.

ಪ್ಲೇ ಔಟ್ ಆಲ್ ರೌಂಡ್ಸ್ ಆಫ್. ಅದು ಸ್ಕ್ರಿಮ್ (ಟೀಮುಗಳ ಅಭ್ಯಾಸ ಪಂದ್ಯ) ಆಡೋರಿಗೆ. 13 ಗೆದ್ದ ಮೇಲೂ 24 ರೌಂಡ್ ಮುಗಿಯೋ ತನಕ ಬಿಡಲ್ಲ. ದೋಸೆ ಮ್ಯಾಚಿನಲ್ಲಿ 13-4 ಆದ ಮೇಲೆ ಇನ್ನೂ ಏಳು ರೌಂಡ್ ಆಡೋ ಉತ್ಸಾಹ ಸೋತ ಟೀಮಿಗೆ ಇರಲ್ಲ.

ಹೈಡ್ ಮ್ಯಾಚ್ ಹಿಸ್ಟರಿ ಆಫ್ ಇಡಿ. ಆನ್ ಇಟ್ಟರೆ ಮ್ಯಾಚು ಕೆರಿಯರ್‌ನಲ್ಲಿ ಕಾಣಲ್ಲ, ಆಮೇಲೆ "13-11 ಅಲ್ಲ, 13-9 ಇತ್ತು" ಅಂತ ವಾದ ಬಂದ್ರೆ ತೋರಿಸೋಕೆ ಏನೂ ಇರಲ್ಲ. ಏನೇ ಇರಲಿ, ಪ್ರತಿ ಮ್ಯಾಪ್ ಮುಗಿದಾಗ ಸ್ಕೋರ್‌ಬೋರ್ಡ್ ಸ್ಕ್ರೀನ್‌ಶಾಟ್ ತೆಗೀರಿ.

ಅಲೌ ಚೀಟ್ಸ್ ಆಫ್. ಬ್ಯಾನ್ ಏನೂ ಆಗಲ್ಲ, ಇದು ಕಂಪನಿಯೇ ಕೊಟ್ಟ ಪ್ರ್ಯಾಕ್ಟೀಸ್ ಸೌಲಭ್ಯ, ಆ ರೂಮಿನೊಳಗೆ ಮಾತ್ರ ನಡೆಯುತ್ತೆ. ಆದ್ರೆ ಮ್ಯಾಚಿನಲ್ಲಿ ಆನ್ ಇದ್ದರೆ ಮುಗಿಯದ ಗುಂಡು, ಮುಗಿಯದ ಅಬಿಲಿಟಿ ಎಲ್ಲಾ ಒಂದು ಕ್ಲಿಕ್ ದೂರ. ಯಾರೂ ಮುಟ್ಟದೇ ಇದ್ರೂ ಸೋತವರು ಅನುಮಾನ ಪಡ್ತಾರೆ.

ಅಂದಹಾಗೆ ಕಸ್ಟಮ್‌ನಲ್ಲಿ ರ‍್ಯಾಂಕ್ ಏರಲ್ಲ, ಇಳಿಯಲ್ಲ, ಎಕ್ಸ್‌ಪಿನೂ ಬರಲ್ಲ. "ಬ್ಯಾಟಲ್ ಪಾಸ್ ಮುಂದೆ ಹೋಗಲಿಲ್ಲ" ಅಂತ ಕೇಳೋನು ಒಬ್ಬ ಇದ್ದೇ ಇರ್ತಾನೆ, ಅವನಿಗೆ ಮೊದಲೇ ಹೇಳಿಬಿಡಿ.

ಬೈಂಡ್ ಬಸವ

ಸ್ವಾಮಿಯವರೇ, ಬಹಳ ಥ್ಯಾಂಕ್ಸ್. ವಾಯ್ಸ್ ಬಗ್ಗೆ ಒಂದು ಸಂಶಯ. ಹತ್ತೂ ಜನ ಒಂದೇ ಪಾರ್ಟಿಯಲ್ಲಿ ಇರ್ತಾರಲ್ಲ, ಮಾತು ಆ ಕಡೆಯವರಿಗೂ ಕೇಳುತ್ತಾ? ಆಮೇಲೆ ದುಬೈನವನ ಕಥೆ ಏನು?

ಸ್ಮೋಕ್ ಸ್ವಾಮಿ

ಕೇಳುತ್ತೆ! ಇದನ್ನ ಬರೆಯೋದೇ ಮರೆತಿದ್ದೆ. ಟೀಮ್ ವಾಯ್ಸ್ ಬೇರೆ, ಪಾರ್ಟಿ ವಾಯ್ಸ್ ಬೇರೆ. ಡೀಫಾಲ್ಟ್ ಕೀ ಟೀಮಿಗೆ ವಿ, ಪಾರ್ಟಿಗೆ ಯು. ದಿನಾ ಐದು ಜನರ ಪಾರ್ಟಿಯಲ್ಲಿ ಆಡೋರು ಪಾರ್ಟಿ ವಾಯ್ಸನ್ನ ಸದಾ ತೆರೆದಿಡೋ ಅಭ್ಯಾಸದಲ್ಲಿ ಇರ್ತಾರೆ. ಕಸ್ಟಮ್‌ನಲ್ಲಿ ಎದುರಾಳಿಯೂ ಅದೇ ಪಾರ್ಟಿ. "ಬಿ ಕಡೆ ಮೂರು ಜನ ಬರ್ತಿದೀವಿ" ಅನ್ನೋದು ಬಿ ಕಾಯ್ತಿರೋನ ಕಿವಿಗೇ ಬೀಳುತ್ತೆ. ಸೆಟ್ಟಿಂಗ್ಸ್, ಆಡಿಯೋ, ವಾಯ್ಸ್ ಚಾಟ್‌ಗೆ ಹೋಗಿ ಪಾರ್ಟಿ ವಾಯ್ಸ್ ಆಫ್ ಮಾಡಿಸಿ. ಹತ್ತೂ ಜನಕ್ಕೆ ಮಾಡಿಸಿ, ಒಬ್ಬ ಬಿಟ್ಟುಹೋದ್ರೂ ಸಾಕು. ಇನ್ನೂ ಸಲೀಸು ಅಂದ್ರೆ ಡಿಸ್ಕಾರ್ಡ್‌ನಲ್ಲಿ ಎರಡು ವಾಯ್ಸ್ ಚಾನಲ್, ಒಂದೊಂದಕ್ಕೂ ಐದರ ಯೂಸರ್ ಲಿಮಿಟ್. ಮ್ಯಾಪ್ ಮುಗಿದ ಮೇಲೆ ಕಿತ್ತಾಡೋಕೆ ಮೂರನೇ ಚಾನಲ್. ಟೈಪ್ ಮಾಡೋವಾಗಲೂ ಇದೇ ಎಚ್ಚರ, ಚಾಟ್ ಪಾರ್ಟಿಗೆ ಹೋಗ್ತಿದೆಯಾ ಟೀಮಿಗಾ ಅಂತ ನೋಡಿ.

ದುಬೈನವನ ಅಕೌಂಟ್ ಅಲ್ಲೇ ತೆರೆದಿದ್ರೆ ಅದು ಯುರೋಪ್ ರೀಜನ್ನಿಗೆ ಸೇರಿರುತ್ತೆ. ನಮ್ಮದು ಏಷ್ಯಾ ಪೆಸಿಫಿಕ್. ರೀಜನ್ ಬೇರೆ ಆದ್ರೆ ಒಂದೇ ಪಾರ್ಟಿಗೆ ಬರೋಕಾಗಲ್ಲ, ಇದಕ್ಕೆ ಸೆಟ್ಟಿಂಗೂ ಇಲ್ಲ, ಒಳದಾರಿನೂ ಇಲ್ಲ. ಅವನು ಡಿಸ್ಕಾರ್ಡ್ ಸ್ಟ್ರೀಮ್ ನೋಡ್ಕೊಂಡು ಕಾಮೆಂಟರಿಗೆ ಕೂರಲಿ. ಇಲ್ಲಿ ತೆರೆದ ಅಕೌಂಟ್ ಇಟ್ಕೊಂಡು ಹೋಗಿದ್ದಾನೆ ಅಂದ್ರೆ ಬರಬಹುದು, ಆದ್ರೆ ಅಲ್ಲಿಂದ ಮುಂಬೈಗೆ ಪಿಂಗ್ (ಡೇಟಾ ಸರ್ವರಿಗೆ ಹೋಗಿ ಬರೋ ಸಮಯ) ಎಷ್ಟು ಅಂತ ಮೊದಲು ಡೆತ್‌ಮ್ಯಾಚ್ ಆಡಿ ನೋಡಿಕೊಳ್ಳಲಿ.

ಹುಬ್ಬಳ್ಳಿ ಪಿಂಗ್

ಕೆಫೆ ಮತ್ತ ನೆಟ್ ವಿಷಯ ನಾ ಹೇಳ್ತೀನಿ ನೋಡ್ರಿ.

ಪೋರ್ಟ್ ಗೀರ್ಟ್ ಏನೂ ಓಪನ್ ಮಾಡೂದು ಬ್ಯಾಡ್ರಿ. ಅದು ಕೌಂಟರ್ ಸ್ಟ್ರೈಕ್ 1.6 ಕಾಲದ್ದು, ಅವಾಗ ಒಬ್ಬರ ಪೀಸಿನ ಸರ್ವರ್ ಆಗ್ತಿತ್ತು, ಹೊರಗಿನವ್ರು ಬರಬೇಕಂದ್ರ 27015 ತೆರೀಬೇಕಿತ್ತು. ವ್ಯಾಲೊರಂಟದಾಗ ನಮ್ಮ ಕೈಯಾಗ ಸರ್ವರ್ ಇಲ್ಲ. ಕಸ್ಟಮ್ ಮ್ಯಾಚೂ ಆಟ ಮಾಡಿದ ಕಂಪನಿ ರಾಯಟ್‌ನವ್ರ ಸರ್ವರ್ ಮ್ಯಾಲೇ ನಡೀತೈತಿ. ಅದಕ್ಕ ರೂಮ್ ಮಾಡಿದವನ ಕರೆಂಟ್ ಹೋದ್ರೂ ಉಳದವ್ರ ಆಟ ನಿಲ್ಲೂದಿಲ್ಲ. ಹಂಗ ಅಂತ ಐದೂ ಪೀಸಿ ಬಾಜೂಕ ಬಾಜೂ ಇದ್ರ ಲ್ಯಾನ್ ಪಿಂಗ್ ಸಿಗತೈತಿ ಅಂತ ತಿಳ್ಕೋಬ್ಯಾಡ್ರಿ. ಐದೂ ಮುಂಬೈಗೆ ಹೋಗೇ ಬರಬೇಕು.

ಲೈನಿನ ಸ್ಪೀಡ್ ಇಲ್ಲಿ ಲೆಕ್ಕಕ್ಕ ಬರೂದಿಲ್ರಿ. ಆಟ ತಿನ್ನೂ ಡೇಟಾ ಭಾಳ ಸಣ್ಣದು. ಸರ್ವರ್ 128 ಟಿಕ್, ಅಂದ್ರ ಸುಮಾರು 7.8 ಮಿಲಿಸೆಕೆಂಡಿಗೊಮ್ಮೆ ಲೆಕ್ಕ ಹಾಕತೈತಿ. ಆ ಸಣ್ಣ ಸಣ್ಣ ಪ್ಯಾಕೆಟ್ ಸಾಲು ತಪ್ಪದಂಗ ಹೋಗಬೇಕು, ಅಷ್ಟ. 300 ಎಂಬಿಪಿಎಸ್ ಲೈನ್ ಇಟ್ಟು ಹಿಂದ ಒಂದು ಪೀಸಿ ಗೇಮ್ ಅಪ್‌ಡೇಟ್ ಎಳೀಲಿಕ್ಕ ಹತ್ತಿದ್ರ ಐದೂ ಜನರ ಪಿಂಗ್ ಒಮ್ಮೆಲೇ ಮ್ಯಾಲೆ ಹಾರತೈತಿ. ಕೆಫೆಯವ್ರಿಗೆ ಹೇಳಿ ಆ ಎರಡು-ಮೂರು ತಾಸು ಉಳಿದ ಪೀಸಿಗಳ ಡೌನ್‌ಲೋಡ್ ನಿಲ್ಲಿಸರಿ. ಮನೀಯಿಂದ ಆಡೂವ್ರಿಗೆ ಅಪ್‌ಲೋಡ್ ಕಾಟ ಜಾಸ್ತಿ. ಅವ್ವನ ಫೋನಿನ್ಯಾಗ ಮದುವಿ ಫೋಟೋ ಬ್ಯಾಕಪ್ ಹೊಂಟಿತ್ತಂದ್ರ ಮುಗೀತು.

ವೈರ್ ಹಚ್ಚರಿ. ಆಗೂದೇ ಇಲ್ಲ ಅಂದ್ರ 5 ಗಿಗಾಹರ್ಟ್ಸ್ ವೈಫೈ, ರೌಟರ್ ಇರೂ ಖೋಲ್ಯಾಗೇ ಕೂತು. 2.4 ಮ್ಯಾಲೆ ಆಜೂಬಾಜೂ ಮನಿಯವ್ರ ವೈಫೈ ಎಲ್ಲಾ ಬಡದಾಡತಿರತಾವ.

ಸೆಟ್ಟಿಂಗ್ಸ್, ವಿಡಿಯೋ, ಸ್ಟ್ಯಾಟ್ಸ್‌ಗೆ ಹೋಗಿ ನೆಟ್‌ವರ್ಕ್ ಆರ್‌ಟಿಟಿ (ಅಂದ್ರ ಪಿಂಗ್) ಮತ್ತ ಪ್ಯಾಕೆಟ್ ಲಾಸ್ (ದಾರ್ಯಾಗ ಕಳದ್ಹೋದ ಡೇಟಾ) ಎರಡೂ ಟೆಕ್ಸ್ಟ್ ಮತ್ತ ಗ್ರಾಫ್ ಹಚ್ಚಿ ಇಡ್ರಿ. ಆರ್‌ಟಿಟಿ 60 ಇದ್ದರೂ ಗೆರೆ ಸಪಾಟ ಇದ್ರ ಆಡಬಹುದು. 30 ಇದ್ದು ನಡುನಡುಕ 150ಕ್ಕ ಜಿಗದ್ರ ಆಡ್ಲಿಕ್ಕ ಬರೂದಿಲ್ಲ. ಪ್ಯಾಕೆಟ್ ಲಾಸ್ ಸೊನ್ನೆ ಇರಬೇಕು. ಲಾಸ್ ಇರೂವ್ರು ಮಾತ್ರ ನೆಟ್‌ವರ್ಕ್ ಬಫರಿಂಗ್ ಮಿನಿಮಮ್‌ನಿಂದ ಮಾಡರೇಟ್‌ಗೆ ತರ್ರಿ. ಲೈನ್ ಚಲೋ ಇರೂವ್ರು ಅದನ್ನ ಮುಟ್ಟಬ್ಯಾಡ್ರಿ, ಸುಮ್ಮನ ತಡ ಆಗತೈತಿ.

ಕೆಫೆ ಪೀಸಿಯಾಗ ಇನ್ನೊಂದು ಫಜೀತಿ. ವಿಂಡೋಸ್ 11 ಇದ್ರ ವ್ಯಾನ್‌ಗಾರ್ಡ್‌ಗೆ (ಮೋಸ ಹಿಡಿಯೂ ಸಾಫ್ಟ್‌ವೇರ್) ಟಿಪಿಎಂ 2.0 ಮತ್ತ ಸೆಕ್ಯೂರ್ ಬೂಟ್ ಎರಡೂ ಬೇಕು. ಎರರ್ ವ್ಯಾನ್ 9001 ಬಂತಂದ್ರ ಟಿಪಿಎಂ, ವ್ಯಾನ್ 9003 ಬಂತಂದ್ರ ಸೆಕ್ಯೂರ್ ಬೂಟ್. ಟಿಪಿಎಂ ಬಯೋಸ್‌ನ್ಯಾಗ ಇಂಟೆಲ್ ಬೋರ್ಡಿಗೆ ಪಿಟಿಟಿ, ಎಎಂಡಿಗೆ ಎಫ್‌ಟಿಪಿಎಂ ಅನ್ನೂ ಹೆಸರಿನ್ಯಾಗ ಇರತೈತಿ. ಸೆಕ್ಯೂರ್ ಬೂಟ್ ಹಚ್ಚೂಕಿಂತ ಮೊದಲ ಸಿಸ್ಟಮ್ ಇನ್ಫರ್ಮೇಶನ್ ತೆಗದು ಬಯೋಸ್ ಮೋಡ್ ನೋಡ್ರಿ. ಲೆಗಸಿ ಅಂತ ಇದ್ರ ಡಿಸ್ಕ್ ಎಂಬಿಆರ್ ಇರತೈತಿ. ಅದನ್ನ ಜಿಪಿಟಿ ಮಾಡಲಾರದ ಸಿಎಸ್‌ಎಂ (ಹಳೇ ಪದ್ಧತಿಯ ಬೂಟ್) ಆಫ್ ಮಾಡಿದ್ರ ವಿಂಡೋಸೇ ಏಳೂದಿಲ್ಲ. ಮಂದಿ ಪೀಸಿ, ಮ್ಯಾಚಿನ ದಿವಸ ಈ ಸಾಹಸ ಬ್ಯಾಡ. ಎರಡು ದಿವಸ ಮೊದಲ ಹೋಗಿ ಐದೂ ಪೀಸಿಯಾಗ ಒಂದೊಂದು ಡೆತ್‌ಮ್ಯಾಚ್ ಹಾಕಿ ಬರ್ರಿ. ಟ್ರೇದಾಗ ವ್ಯಾನ್‌ಗಾರ್ಡ್ ಯಾರಾರ ಬಂದ್ ಮಾಡಿದ್ರ ಪೀಸಿ ರೀಸ್ಟಾರ್ಟ್ ಮಾಡಲಾರದ ಆಟ ತೆರೆಯೂದಿಲ್ಲ, ಇದು ಸಣ್ಣ ಮಾತು, ಆದ್ರ ಹತ್ತು ನಿಮಿಷ ತಿಂತೈತಿ.

ಅಪ್‌ಡೇಟ್ ಎಲ್ಲರದೂ ಆಗಿರಬೇಕು. ಪ್ಯಾಚ್ ಸಾಮಾನ್ಯ ಎರಡು ವಾರಕ್ಕೊಮ್ಮೆ ಬರತಾವ, ಹಳೇ ವರ್ಷನ್ ಇದ್ದವ ಅಪ್‌ಡೇಟ್ ಮುಗಿಯೂ ತನಕ ಒಳಗೇ ಬರೂದಿಲ್ಲ.

ಮೌಸ್ ಬಗ್ಗೆ ಒಂದು ಮಾತು. ಸೆನ್ಸಿಟಿವಿಟಿ, ಕೀ, ಕ್ರಾಸ್‌ಹೇರ್ ಅಕೌಂಟಿನ ಜೋಡಿ ಬರತಾವ, ಡಿಪಿಐ ಬರೂದಿಲ್ಲ. ಮನ್ಯಾಗ 800 ಡಿಪಿಐ, 0.4 ಸೆನ್ಸ್ ಅಂದ್ರ ಗುಣಿಸಿದ್ರ 320. ಕೆಫೆ ಮೌಸ್ 1600 ಇದ್ರ ಸೆನ್ಸ್ 0.2 ಮಾಡ್ರಿ, ಮತ್ತ 320ಕ್ಕ ಬರತೈತಿ. ಇಲ್ಲಾಂದ್ರ ಸ್ವಂತ ಮೌಸ್ ಒಯ್ಯರಿ.

ರೂಲ್‌ಬುಕ್ ರಂಗ

ಸೆಟ್ಟಿಂಗ್ ಮೇಲಿನವರು ಹೇಳಿದ್ದಾರೆ, ನಾನು ನಿಯಮದ ಕಡೆ ಬರ್ತೀನಿ.

ಮೊದಲು ಏಳು ಮ್ಯಾಪ್ ಒಪ್ಪಿಕೊಳ್ಳಿ. ಈಗಿನ ಸ್ಪರ್ಧೆಯ ರೊಟೇಶನ್ನೇ ಆಗಬೇಕಂತಿಲ್ಲ, ಹತ್ತೂ ಜನಕ್ಕೆ ಗೊತ್ತಿರೋ ಅಸೆಂಟ್, ಹೇವನ್, ಬೈಂಡ್, ಸ್ಪ್ಲಿಟ್ ತರದ್ದು ಇರಲಿ. ಟಾಸ್ ಗೆದ್ದ ಟೀಮು ತಾನು ಎ ಆಗ್ತೀನೋ ಬಿ ಆಗ್ತೀನೋ ಹೇಳುತ್ತೆ. ಆಮೇಲೆ ಎ ಒಂದು ಬ್ಯಾನ್, ಬಿ ಒಂದು ಬ್ಯಾನ್. ಎ ಒಂದು ಪಿಕ್, ಆ ಮ್ಯಾಪಲ್ಲಿ ಸೈಡ್ ಆರಿಸೋದು ಬಿ. ಬಿ ಒಂದು ಪಿಕ್, ಅಲ್ಲಿ ಸೈಡ್ ಎ ಕೈಯಲ್ಲಿ. ಮತ್ತೆ ಎ ಬ್ಯಾನ್, ಬಿ ಬ್ಯಾನ್. ಉಳಿದಿದ್ದು ಮೂರನೇ ಮ್ಯಾಪು. ಇದನ್ನ ಮಾತಲ್ಲಿ ಮಾಡಬೇಡಿ, ಗ್ರೂಪಲ್ಲಿ ಟೈಪ್ ಮಾಡಿಸಿ.

ಕೌಂಟರ್ ಸ್ಟ್ರೈಕ್ ಆಡಿ ಬಂದವರು ಸೈಡಿಗೆ ನೈಫ್ ರೌಂಡ್ ಕೇಳ್ತಾರೆ. ಇಲ್ಲಿ ಅದಕ್ಕೆ ಸೌಲಭ್ಯ ಇಲ್ಲ. ಮೊದಲ ರೌಂಡಲ್ಲಿ ಯಾರೂ ಏನೂ ಕೊಳ್ಳಬಾರದು ಅಂತ ಒಪ್ಪಂದ ಮಾಡ್ಕೊಂಡ್ರೂ ಆ ರೌಂಡಿನ ಪಾಯಿಂಟ್ ಸ್ಕೋರಿಗೆ ಸೇರಿಬಿಡುತ್ತೆ. ಇಂಥ ಗನ್ ಬೇಡ ಅಂತ ತಡೆಯೋ ಸ್ವಿಚ್ಚೂ ಇಲ್ಲ. "ಆಪರೇಟರ್ ಬೇಡ" (ದೂರದಿಂದ ಹೊಡೆಯೋ ಸ್ನೈಪರ್ ಗನ್) ಅಂದ್ರೆ ಅದು ಬಾಯಿ ಮಾತಿನ ಒಪ್ಪಂದ, 11-11ರಲ್ಲಿ ಯಾರಿಗೂ ನೆನಪಿರಲ್ಲ.

ಸಮಯ ಲೆಕ್ಕ ಹಾಕಿ. ಬೈ ಫೇಸ್ (ಗನ್ ಕೊಳ್ಳೋ ಹೊತ್ತು) 30 ಸೆಕೆಂಡು, ರೌಂಡ್ 100 ಸೆಕೆಂಡು, ಸ್ಪೈಕ್ (ಬಾಂಬು) ನೆಟ್ಟರೆ ಅಲ್ಲಿಂದ ಇನ್ನು 45. ಇಪ್ಪತ್ತು ರೌಂಡಿನ ಮ್ಯಾಪ್ ಒಂದಕ್ಕೆ 35-40 ನಿಮಿಷ ಇಟ್ಟುಕೊಳ್ಳಿ. ಮೂರೂ ಆಡಿದ್ರೆ ಬಿಡುವು ಸೇರಿ ಎರಡೂವರೆ ಗಂಟೆ. ಕೆಫೆ ಬುಕ್ ಮಾಡೋವಾಗ ಮೂರು ಗಂಟೆ ತಗೊಳ್ಳಿ.

ಈಗ ನೆಟ್ ಹೋಗೋ ವಿಷಯ. ಶುರುವಾದ ಮ್ಯಾಚಿಗೆ ಬದಲಿ ಆಟಗಾರ ಬರೋಕಾಗಲ್ಲ. ಅಬ್ಸರ್ವರ್ ಜಾಗದಲ್ಲಿ ಕೂತವನೂ ಎದ್ದು ಆಡೋಕೆ ಇಳಿಯಲ್ಲ. ನೆಟ್ ಹೋದವನೇ ಕ್ಲೈಂಟ್ ತೆರೆದು ರೀಜಾಯಿನ್ ಒತ್ತಬೇಕು. ಹಾಗಾಗಿ ಟೂರ್ನಮೆಂಟ್ ಮೋಡಿನ ಪಾಸ್ ಇಲ್ಲಿ ಜೀವ ಉಳಿಸುತ್ತೆ. ಎಷ್ಟು ನಿಮಿಷ ಕಾಯ್ತೀವಿ ಅನ್ನೋದನ್ನ ಮೊದಲೇ ಬರೆದಿಡಿ. ನನ್ನ ಪ್ರಕಾರ ಒಂದು ಮ್ಯಾಪಿಗೆ ಟೀಮಿಗೆ ಹತ್ತು ನಿಮಿಷ ಸಾಕು. ಮೊದಲ ರೌಂಡಲ್ಲಿ ಇನ್ನೂ ಯಾರಿಗೂ ಗುಂಡು ತಾಗಿಲ್ಲ ಅಂದ್ರೆ ರೂಮ್ ಮುರಿದು ಹೊಸದಾಗಿ ಶುರು ಮಾಡೋದು ನ್ಯಾಯ. ಅದು ದಾಟಿದ ಮೇಲೆ ಆ ರೌಂಡ್ ಹಾಗೇ ಮುಗೀಲಿ.

ಬದಲಿಯನ್ನ ತರಲೇಬೇಕು, ಹೊಸ ರೂಮೇ ಬೇಕು ಅನ್ನೋ ಹಂತ ಬಂದ್ರೆ, ಆದಷ್ಟು ಹಾಫ್ ಟೈಮ್ ತನಕ ಎಳೆದುಕೊಂಡು ಹೋಗಿ. ಯಾಕೆ ಅಂತ ಒಂದು ಉದಾಹರಣೆ ನೋಡಿ. ಹೊಸ ರೂಮಲ್ಲಿ ಎಲ್ಲರ ಕ್ರೆಡಿಟ್ 800ಕ್ಕೆ ಬರುತ್ತೆ. ಒಂಬತ್ತನೇ ರೌಂಡಲ್ಲಿ ಮುರಿದ್ರೆ ಒಂದು ಟೀಮಿನ ಬ್ಯಾಂಕಲ್ಲಿದ್ದ ಐದಾರು ಸಾವಿರ ಗಾಳಿಗೆ ಹೋಗುತ್ತೆ, ಸೋತು ಸೋತು ಬಡವಾಗಿದ್ದ ಟೀಮಿಗೆ ಲಾಟರಿ. ಹಾಫ್ ಟೈಮಲ್ಲಾದ್ರೆ ಆಟವೇ ಎಲ್ಲರನ್ನೂ 800ಕ್ಕೆ ತರುತ್ತೆ, ಹಾಗಾಗಿ ದುಡ್ಡಿನಲ್ಲಿ ಯಾರಿಗೂ ಮೋಸ ಇಲ್ಲ. ಅಲ್ಟಿಮೇಟ್ ಪಾಯಿಂಟ್ ಮಾತ್ರ ಹೋಗುತ್ತೆ, ಅದು ಎರಡೂ ಕಡೆ ಹೋಗುತ್ತೆ.

ಸ್ಕೋರ್ 7-5 ಅಂದುಕೊಳ್ಳಿ. ಸೈಡ್ ಬದಲಿಸಿ ಕೂರಿಸಿ ಹೊಸ ರೂಮ್ ಶುರು ಮಾಡಿ. 7 ಇದ್ದವರಿಗೆ ಇನ್ನು 6 ಬೇಕು, 5 ಇದ್ದವರಿಗೆ 8. ಹೊಸ ರೂಮಿನ ಮೊದಲ ಹಾಫ್ 12 ರೌಂಡು, ನಿಮಗೆ ಬೇಕಿರೋದೂ ಅಷ್ಟೇ. ಯಾರು ಮೊದಲು ಅವರ ಸಂಖ್ಯೆ ಮುಟ್ತಾರೋ ಅಲ್ಲಿಗೆ ಎಲ್ಲರೂ ಹೊರಗೆ ಬನ್ನಿ, ಆಟ ತಾನಾಗಿ ನಿಲ್ಲಲ್ಲ. ತೊಡಕು ಒಂದೇ. ಹೊಸ ರೂಮಲ್ಲಿ 5-7 ಆದ್ರೆ ಒಟ್ಟು 12-12. ಆದ್ರೆ ಆಟಕ್ಕೆ ಅದು ಬರೀ ಹಾಫ್ ಟೈಮ್, 13ನೇ ರೌಂಡಿಗೆ 800 ಕೊಡುತ್ತೆ, ಓವರ್‌ಟೈಮಿನ 5000 ಕೊಡಲ್ಲ. ಹಾಗೆ ಬಂದ್ರೆ ಏನು ಮಾಡ್ತೀವಿ ಅಂತ ಮೊದಲೇ ಹೇಳಿಕೊಂಡಿರಿ.

ಕಾಮೆಂಟರಿಯವನನ್ನ ಆಟಗಾರರ ಕೋಣೆಯಲ್ಲಿ ಕೂರಿಸಬೇಡಿ. ಅವನಿಗೆ ಎರಡೂ ಕಡೆ ಕಾಣುತ್ತೆ, "ಅಯ್ಯೋ" ಅಂದ್ರೂ ಸುಳಿವೇ. ಲೈವ್ ಬಿಡೋದಾದ್ರೆ ಎರಡು-ಮೂರು ನಿಮಿಷ ತಡ ಹಾಕಲಿ. ಒಂದು ಟೀಮಿಗೆ ಸಲಹೆ ಹೇಳೋನು ಇದ್ದರೆ ಅವನು ಅಬ್ಸರ್ವರ್ ಅಲ್ಲ, ಕೋಚ್ ಜಾಗಕ್ಕೆ ಹೋಗಲಿ. ಅಲ್ಲಿಂದ ತನ್ನ ಟೀಮು ಮಾತ್ರ ಕಾಣುತ್ತೆ.

ಕುಡ್ಲ ಸೋವಾ

ಚೀಟ್ಸ್ ಸ್ವಿಚ್ ಬಗ್ಗೆ ಕೇಳಿದಿರಲ್ಲ, ಅದರ ನಿಜವಾದ ಉಪಯೋಗ ಮ್ಯಾಚಿಗೆ ಮುಂಚೆ ಉಂಟು ಮಾರಾಯ್ರೆ. ಮ್ಯಾಪ್ ಗೊತ್ತಾದ ಕೂಡಲೇ ಒಬ್ಬರೇ ಒಂದು ಕಸ್ಟಮ್ ತೆರೆದು ಅಲೌ ಚೀಟ್ಸ್ ಆನ್ ಮಾಡಿ ಒಳಗೆ ಹೋಗಿ. ಎಸ್ಕೇಪ್ ಒತ್ತಿದರೆ ಚೀಟ್ಸ್ ಮೆನು. ಮೊದಲು ಸ್ಟಾರ್ಟ್ ನೆಕ್ಸ್ಟ್ ಫೇಸ್ ಒತ್ತಿ ಬೈ ಫೇಸ್ ದಾಟಿ, ಆಮೇಲೆ ಪಾಸ್ ಮ್ಯಾಚ್ ಟೈಮರ್. ಹಿಂದುಮುಂದು ಮಾಡಿದರೆ ಬೈ ಫೇಸಿನ ತಡೆಗೋಡೆ ಹಾಗೇ ನಿಂತಿರುತ್ತದೆ, ಸೈಟಿಗೆ ಹೋಗಲಿಕ್ಕೆ ಆಗುವುದಿಲ್ಲ. ಇನ್ಫಿನಿಟ್ ಅಬಿಲಿಟೀಸ್ ಆನ್ ಮಾಡಿ. ಘೋಸ್ಟ್ ಆನ್ ಮಾಡಿದರೆ ಗೋಡೆ ದಾಟಿ ಹಾರಬಹುದು, ಡಾರ್ಟ್ (ಬಾಣ) ಎಲ್ಲಿ ಬಿತ್ತು ಅಂತ ಹೋಗಿ ನೋಡಲಿಕ್ಕೆ ಅದು ಬೇಕು.

ಸೋವಾ (ಬಿಲ್ಲು ಹಿಡಿದ ಪಾತ್ರ) ಆಡುವವರು ಲೈನ್‌ಅಪ್ (ಎಲ್ಲಿ ನಿಂತು ಹೇಗೆ ಹೊಡೆದರೆ ಬಾಣ ಎಲ್ಲಿ ಬೀಳುತ್ತದೆ ಅನ್ನುವ ಲೆಕ್ಕ) ಬರೆದಿಡುವಾಗ ನಾಲ್ಕು ವಿಷಯ ಬರೆಯಿರಿ: ಕಾಲು ಎಲ್ಲಿ, ಕ್ರಾಸ್‌ಹೇರ್ ಯಾವುದರ ತುದಿಗೆ, ಚಾರ್ಜ್ ಎಷ್ಟು, ಬೌನ್ಸ್ ಎಷ್ಟು. ರೈಟ್ ಕ್ಲಿಕ್ಕಿಗೆ ಒಂದೊಂದು ಬೌನ್ಸ್, ಹೆಚ್ಚೆಂದರೆ ಎರಡು. ಕಾಲಿಗೆ ಒಂದು ಗೋಡೆಯ ಮೂಲೆ ಹಿಡಿದುಕೊಳ್ಳಿ, ಮೂಲೆಗೆ ತಾಗಿ ನಿಂತರೆ ಜಾಗ ತಪ್ಪುವುದಿಲ್ಲ. ಬಯಲಲ್ಲಿ "ಆ ಕಲೆ ಹತ್ತಿರ" ಅಂತ ಬರೆದದ್ದು ಮ್ಯಾಚಿನ ಗಡಿಬಿಡಿಯಲ್ಲಿ ಸಿಗುವುದಿಲ್ಲ.

ಇದರಲ್ಲಿ ಒಂದು ಮೋಸ ಉಂಟು. ಮುಗಿಯದ ಅಬಿಲಿಟಿಯಲ್ಲಿ ನಾಲ್ಕು ಶಾಕ್ ಡಾರ್ಟ್ ಹೊಡೆದು ಸ್ಪೈಕ್ ಕಾಯುವುದು ಅಭ್ಯಾಸ ಆಗುತ್ತದೆ, ಮ್ಯಾಚಲ್ಲಿ ಸಿಗುವುದು ಎರಡೇ. ಬ್ರಿಮ್‌ಸ್ಟೋನ್ ಅನ್ನುವ ಪಾತ್ರಕ್ಕೆ ಹೊಗೆ ಮೂರು, ಬೆಂಕಿ ಒಂದು. ಹಾಗಾಗಿ ಜಾಗ ಕಂಡುಹಿಡಿದ ಮೇಲೆ ಇನ್ಫಿನಿಟ್ ಆಫ್ ಮಾಡಿ ಒಂದು ಸಲ ಗೆಳೆಯನ ಜೊತೆ ಮಾಡಿ ನೋಡಿ. ಅವನು ಡಿಫ್ಯೂಸ್‌ಗೆ ಕೂರಲಿ. ಪೂರ್ತಿ ಡಿಫ್ಯೂಸ್‌ಗೆ 7 ಸೆಕೆಂಡ್, ಅರ್ಧ 3.5ಕ್ಕೆ ಉಳಿಯುತ್ತದೆ, ಅಲ್ಲಿಂದ ಬಿಟ್ಟು ಬಂದರೂ ಮುಂದೆ 3.5 ಸಾಕು. ನಿಮ್ಮ ಡಾರ್ಟ್ ಗಾಳಿಯಲ್ಲಿ ಎಷ್ಟು ಸೆಕೆಂಡ್ ಇರುತ್ತದೆ ಅಂತ ಫೋನಿನ ಸ್ಟಾಪ್‌ವಾಚಲ್ಲಿ ಅಳೆಯಿರಿ. 4 ಸೆಕೆಂಡ್ ಹಾರುವ ಲೈನ್‌ಅಪ್ಪನ್ನು ಡಿಫ್ಯೂಸ್ ಶಬ್ದ ಕೇಳಿದ ಮೇಲೆ ಹೊಡೆದರೆ, ಅರ್ಧ ಮುಗಿಸಿದವನ ಮೇಲೆ ಅದು ಬೀಳುವಾಗ ರೌಂಡ್ ಮುಗಿದಿರುತ್ತದೆ.

ಮ್ಯಾಚ್ ರೂಮಿಗೆ ಬರುವಾಗ ಈ ಪ್ರ್ಯಾಕ್ಟೀಸ್ ರೂಮಿನ ಸ್ವಿಚ್ ಹಾಗೇ ಆನ್ ಇದ್ದರೆ ಕಷ್ಟ. ಹೋಸ್ಟ್ ಮಾಡುವವರು ಮತ್ತೊಮ್ಮೆ ನೋಡಿಕೊಳ್ಳಿ.

ಸ್ಮೋಕ್ ಸ್ವಾಮಿ

ರಂಗ ಅವರ ಹತ್ತು ನಿಮಿಷದ ಪಾಸ್ ನನಗೆ ಜಾಸ್ತಿ ಅನ್ಸುತ್ತೆ. ಸೋಲ್ತಿರೋ ಟೀಮಿಗೆ ಕರೆಕ್ಟಾಗಿ ಆಗಲೇ ನೆಟ್ ಹೋಗುತ್ತೆ, ಹತ್ತು ನಿಮಿಷ ಪ್ಲಾನ್ ಮಾಡ್ತಾರೆ. ಐದು ಇಡಿ.

ರೂಲ್‌ಬುಕ್ ರಂಗ

ರೌಟರ್ ರೀಸ್ಟಾರ್ಟ್ ಆಗಿ ಲೈನ್ ಬರೋಕೇ ಮೂರು-ನಾಲ್ಕು ನಿಮಿಷ, ಆಮೇಲೆ ಕ್ಲೈಂಟ್ ತೆರೀಬೇಕು. ಕರೆಂಟೇ ಹೋದ್ರೆ ಪೀಸಿ ಬೂಟ್ ಬೇರೆ. ಐದು ಇಟ್ಟರೆ ಯಾರೂ ಮುಟ್ಟೋಕಾಗಲ್ಲ. ಪಾಸ್ ಇರೋವಾಗ ಎರಡೂ ಟೀಮು ಮೈಕ್ ಮ್ಯೂಟ್ ಅಂತ ಬರೆದಿಡಿ, ನಿಮ್ಮ ಚಿಂತೆ ಅಲ್ಲಿಗೆ ಮುಗೀತು.

ಬೈಂಡ್ ಬಸವ

ಎಲ್ಲರಿಗೂ ಥ್ಯಾಂಕ್ಸ್. ಮುಂಬೈ, ಸ್ಟ್ಯಾಂಡರ್ಡ್, ವಿನ್ ಬೈ ಟೂ ಆನ್, ಟೂರ್ನಮೆಂಟ್ ಮೋಡ್ ಆನ್, ಉಳಿದ ಮೂರೂ ಆಫ್. ಪಾಸ್ ಎಂಟು ನಿಮಿಷ, ಮ್ಯೂಟ್ ಸಹಿತ. ಪಾರ್ಟಿ ವಾಯ್ಸ್ ಆಫ್ ಮಾಡಿದ ಸ್ಕ್ರೀನ್‌ಶಾಟ್ ಹತ್ತೂ ಜನ ಗ್ರೂಪಿಗೆ ಹಾಕಬೇಕು ಅಂತ ಹೇಳಿದ್ದೀನಿ. ಶುಕ್ರವಾರ ಕೆಫೆಗೆ ಹೋಗಿ ಐದು ಪೀಸಿ ನೋಡಿ ಬರ್ತೀನಿ. ಒಂದೇ ಉಳೀತು: ಮೂರನೇ ಮ್ಯಾಪು ಯಾರೂ ಪಿಕ್ ಮಾಡಿದ್ದಲ್ಲ, ಅಲ್ಲಿ ಸೈಡ್ ಯಾರು ಆರಿಸೋದು?

ರೂಲ್‌ಬುಕ್ ರಂಗ

ಮತ್ತೊಂದು ಟಾಸ್. ಎರಡನೇ ಮ್ಯಾಪು ಮುಗಿದ ಮೇಲೆ ಬೇಡ, ವೀಟೋ (ಮ್ಯಾಪ್ ಬ್ಯಾನ್, ಪಿಕ್) ದಿನವೇ ಹಾಕಿಬಿಡಿ.